ಕೈಗೆ ಕೆಲಸ ಇದ್ದಾಗ ಕಿವಿಗೆ ಏನು? ಹಾಡು, ಕಥೆ, ಆಫೀಸ್ ಸೀರೀಸ್ ಬಳಸುವ ಬಗೆ

ಕ್ಯೂಬಾದ ಹವಾನಾ ನಗರದ ಚುಟ್ಟಾ ಕಾರ್ಖಾನೆಗಳಲ್ಲಿ 1865ರಲ್ಲಿ ಒಂದು ಹೊಸ ಉದ್ಯೋಗ ಹುಟ್ಟಿಕೊಂಡಿತು. ಸಾಲಾಗಿ ಕೂತು ಹೊಗೆಸೊಪ್ಪು ಸುತ್ತುವವರ ಎದುರು ಒಬ್ಬ ಎತ್ತರದ ಪೀಠದ ಮೇಲೆ ಕೂತು ಗಟ್ಟಿಯಾಗಿ ಓದುತ್ತಿದ್ದ. ದಿನಪತ್ರಿಕೆ ಓದುತ್ತಿದ್ದ, ಕಾದಂಬರಿಯನ್ನೂ ಓದುತ್ತಿದ್ದ. ಅವನಿಗೆ ದುಡ್ಡು ಕೊಡುತ್ತಿದ್ದವರು ಮಾಲೀಕರಲ್ಲ, ಕಾರ್ಮಿಕರೇ ತಮ್ಮ ಕೂಲಿಯಲ್ಲಿ ಸ್ವಲ್ಪ ಸ್ವಲ್ಪ ಸೇರಿಸಿ ಕೊಡುತ್ತಿದ್ದರು. ಮಾಂಟೆಕ್ರಿಸ್ಟೋ ಸಿಗಾರ್‌ಗೆ ಆ ಹೆಸರು ಬಂದಿದ್ದು ಹಾಗೆ ಓದಿಸಿಕೊಂಡ ಕಾದಂಬರಿಯಿಂದಲೇ ಎನ್ನುತ್ತಾರೆ.

ನಮಗೆ ಹತ್ತಿರದ ಉದಾಹರಣೆಯೂ ಇದೆ. ಮಂಗಳೂರಿನ ದೊಡ್ಡ ಬೀಡಿ ಮಾಲೀಕರು ಕಣ್ಣೂರು ಕಡೆಯ ಶಾಖೆಗಳನ್ನು ಮುಚ್ಚಿದಾಗ, ಕೆಲಸ ಹೋದವರಿಗಾಗಿ 1969ರಲ್ಲಿ ಅಲ್ಲಿ ದಿನೇಶ್ ಬೀಡಿ ಸಹಕಾರ ಸಂಘ ಶುರುವಾಯಿತು. ಅದರ ಶೆಡ್‌ಗಳಲ್ಲೂ ಒಬ್ಬರು ಪೇಪರ್ ಓದುವುದು, ಉಳಿದವರು ಕೇಳುತ್ತಾ ಬೀಡಿ ಕಟ್ಟುವುದು ನಡೆಯುತ್ತಿತ್ತು. ಇನ್ನೂ ಹಿಂದಕ್ಕೆ ಹೋದರೆ ನಮ್ಮ ಬೀಸುವ ಕಲ್ಲಿನ ಪದಗಳಿವೆ, ತುಳುನಾಡಿನ ಗದ್ದೆಗಳಲ್ಲಿ ನಾಟಿ ಮಾಡುವಾಗ ಹಾಡುವ ಓಬೇಲೆ ಇದೆ.

ಈಗ ಬೆಳ್ಳಂದೂರಿನ ಯಾವುದೋ ಆಫೀಸಿನಲ್ಲಿ ಹೆಡ್‌ಫೋನ್ ಹಾಕಿಕೊಂಡು, ಪಾಡ್‌ಕಾಸ್ಟ್ ಕೇಳುತ್ತಾ ಮೇಲ್ ಬರೆಯುವವರೂ ಇದನ್ನೇ ಮಾಡುತ್ತಿದ್ದೇವೆ ಅಂದುಕೊಂಡಿರುತ್ತಾರೆ. ನಿಜಕ್ಕೂ ಇದು ಬೇರೆ. ಬೀಡಿ ಕಟ್ಟುವವರಿಗೆ ಕೈ ಮತ್ತು ಕಣ್ಣು ಸಾಕು, ಮಾತು ಬೇಕಿಲ್ಲ. ಮೇಲ್ ಬರೆಯುವವರಿಗೆ ಮಾತೇ ಕೆಲಸ. ಈ ಲೇಖನದ ಹೆಜ್ಜೆಗಳೆಲ್ಲ ಈ ಒಂದು ವ್ಯತ್ಯಾಸದ ಮೇಲೆ ನಿಂತಿವೆ.

ಹೆಜ್ಜೆ 1: ನಿಮ್ಮ ದಿನದಲ್ಲಿ ಮಾತಿನ ಕೆಲಸ ಯಾವುದು, ಕೈ ಕೆಲಸ ಯಾವುದು ನೋಡಿ

ಒಂದು ಚೀಟಿ ತೆಗೆದುಕೊಂಡು ನಾಳೆ ಮಾಡಬೇಕಾದ ಕೆಲಸಗಳನ್ನು ಬರೆಯಿರಿ. ಒಂದೊಂದರ ಮುಂದೆಯೂ ಈ ಪ್ರಶ್ನೆ ಹಾಕಿಕೊಳ್ಳಿ: ಇದನ್ನು ಮಾಡುವಾಗ ನಾನು ಮನಸ್ಸಿನಲ್ಲಿ ಏನನ್ನಾದರೂ ಹೇಳಿಕೊಳ್ಳುತ್ತೇನಾ?

ವರದಿ ಓದುವುದು, ಟಿಪ್ಪಣಿ ಬರೆಯುವುದು, ಕೋಡ್‌ನಲ್ಲಿ ತಪ್ಪು ಹುಡುಕುವುದು, ಅಂಕಿ ಕೂಡಿಸುವುದು, ಹೊಸ ಸುತ್ತೋಲೆ ಅರ್ಥ ಮಾಡಿಕೊಳ್ಳುವುದು. ಇವೆಲ್ಲ ಮಾತಿನ ಕೆಲಸ. ಹೊಲಿಗೆ, ಪ್ಯಾಕಿಂಗ್, ಹೂ ಕಟ್ಟುವುದು, ತರಕಾರಿ ಹೆಚ್ಚುವುದು, ಕಡತಗಳನ್ನು ತಾರೀಖಿನ ಪ್ರಕಾರ ಜೋಡಿಸುವುದು, ನೂರಾರು ಫೋಟೋಗಳನ್ನು ಒಂದೇ ಅಳತೆಗೆ ಕತ್ತರಿಸುವುದು. ಇವು ಕೈ ಕೆಲಸ. ಆಫೀಸಿನಲ್ಲಿ ಕೂತು ಮಾಡಿದರೂ ಕೈ ಕೆಲಸವೇ.

ಒಂದೇ ಹುದ್ದೆಯಲ್ಲಿ ಎರಡೂ ಇರುತ್ತವೆ. ಟೈಲರ್ ಅಳತೆ ಬರೆದುಕೊಂಡು ಬಟ್ಟೆಗೆ ಕತ್ತರಿ ಹಾಕುವ ಹೊತ್ತಿಗೆ ರೇಡಿಯೊ ಸೌಂಡ್ ತಗ್ಗಿಸುವುದನ್ನು ನೀವು ನೋಡಿರಬಹುದು. ಮಷಿನ್ ಮೇಲೆ ಕೂತ ಮೇಲೆ ಮತ್ತೆ ಏರಿಸುತ್ತಾರೆ. ಯಾರೂ ಹೇಳಿಕೊಡದೆ ಅವರಿಗೆ ಗೊತ್ತಿರುವ ಈ ವಿಷಯವನ್ನು ನಾವು ಆಫೀಸಿನವರು ಚೀಟಿ ಬರೆದು ಕಲಿಯಬೇಕಾಗಿದೆ.

ಯಂತ್ರದ ಪಕ್ಕ ನಿಲ್ಲುವವರು, ಫೋರ್ಕ್‌ಲಿಫ್ಟ್ ಓಡಾಡುವ ಗೋದಾಮಿನಲ್ಲಿ ಇರುವವರು, ಗಾಡಿ ಓಡಿಸುವವರು ಇಯರ್‌ಫೋನ್ ವಿಷಯವನ್ನೇ ಬಿಡಿ. ಅಲ್ಲಿ ಕೈ ಕೆಲಸವಾದರೂ ಕಿವಿ ಖಾಲಿ ಇಲ್ಲ, ಅದು ಕಾವಲು ಕಾಯುತ್ತಿರುತ್ತದೆ.

ಹೆಜ್ಜೆ 2: ಮಾತಿನ ಕೆಲಸದ ಹೊತ್ತಿಗೆ ಮಾತಿಲ್ಲದ ಸದ್ದು

ಫೋನ್ ನಂಬರ್ ಕೇಳಿಸಿಕೊಂಡು ಬರೆದುಕೊಳ್ಳುವ ತನಕ ಅದನ್ನು ಒಳಗೊಳಗೇ ಹೇಳಿಕೊಳ್ಳುತ್ತೇವಲ್ಲ, ಓದುವಾಗ, ಬರೆಯುವಾಗ, ಲೆಕ್ಕ ಮಾಡುವಾಗಲೂ ಅದೇ ನಡೆಯುತ್ತದೆ. ಹೊರಗಿನಿಂದ ಬರುವ ಮಾತು ಕೇಳಬೇಡ ಅಂದರೂ ಅದೇ ಜಾಗಕ್ಕೆ ನುಗ್ಗುತ್ತದೆ. ಕಣ್ಣಿಗೆ ರೆಪ್ಪೆ ಇದೆ, ಕಿವಿಗಿಲ್ಲ.

ಇದರ ಬಗ್ಗೆ ಜನ ನಂಬಿರುವ ಎರಡು ವಿಷಯ ಸರಿಯಲ್ಲ. "ನಾನು ಕೇಳೋದು ಕೊರಿಯನ್ ಹಾಡು, ಅರ್ಥವೇ ಆಗಲ್ಲ, ಹಾಗಾಗಿ ತೊಂದರೆ ಇಲ್ಲ" ಅನ್ನುವುದು ಮೊದಲನೆಯದು. ಕೋಲ್ ಮತ್ತು ವೆಲ್ಶ್ ಎಂಬ ಸಂಶೋಧಕರು 1976ರಲ್ಲಿ ಇಂಗ್ಲಿಷ್ ಮಾತಾಡುವವರಿಗೆ ಅಕ್ಷರಗಳ ಸಾಲು ನೆನಪಿಟ್ಟುಕೊಳ್ಳಲು ಕೊಟ್ಟು, ಹಿಂದೆ ಜರ್ಮನ್ ಓದನ್ನು ಕೇಳಿಸಿದರು. ಭಾಷೆ ಗೊತ್ತಿಲ್ಲದಿದ್ದರೂ ತಪ್ಪುಗಳು ಹೆಚ್ಚಾದವು. ಮಾತಿನ ಏರಿಳಿತವೇ ಸಾಕು, ಅರ್ಥ ಬೇಕಂತಿಲ್ಲ. ಓದಿ ಅರ್ಥ ಮಾಡಿಕೊಳ್ಳುವ ಕೆಲಸಕ್ಕೆ ಗೊತ್ತಿರುವ ಭಾಷೆ ಇನ್ನೂ ಜಾಸ್ತಿ ಅಡ್ಡ ಬರುತ್ತದೆ ಅನ್ನುವುದು ಬೇರೆ ಮಾತು. "ಸೌಂಡ್ ಕಮ್ಮಿ ಇಟ್ಟರೆ ಆಯ್ತು" ಅನ್ನುವುದು ಎರಡನೆಯದು. ನೆನಪಿನ ಕೆಲಸದಲ್ಲಿ ಮೆಲ್ಲಗಿನ ಮಾತೂ ಜೋರು ಮಾತಿನಷ್ಟೇ ಕಾಡುತ್ತದೆ ಎಂದು ಮುಂದಿನ ಪ್ರಯೋಗಗಳಲ್ಲಿ ಕಂಡುಬಂದಿದೆ.

ಹಾಗಾದರೆ ಪೂರ್ತಿ ಮೌನವೇ? ಸಿಗುವುದಾದರೆ ಅದೇ ಒಳ್ಳೆಯದು. ಆದರೆ ಯಾರಿಗೆ ಸಿಗುತ್ತದೆ ಹೇಳಿ! ಆಫೀಸಿನಲ್ಲಿ ಪಕ್ಕದ ಸೀಟಿನವರ ಕಾಲ್, ಮನೆಯಲ್ಲಿ ಹಾಲ್‌ನಿಂದ ಬರುವ ಮಧ್ಯಾಹ್ನದ ಧಾರಾವಾಹಿಯ ಅಳು. ಇಂಥ ಕಡೆ ಒಂದೇ ಸಮನಾದ ಸದ್ದಿನಿಂದ ಆ ಮಾತನ್ನು ಮುಚ್ಚುವುದೇ ಉಪಾಯ. ಫ್ಯಾನ್ ಸದ್ದು, ಮಳೆ ಸದ್ದು, ಬ್ರೌನ್ ನಾಯ್ಸ್ (ದೂರದ ಜಲಪಾತದಂಥ ಗಡುಸಾದ ಮೊರೆತ) ಎಂದು ಸಿಗುವ ಗಂಟೆಗಟ್ಟಲೆಯ ರೆಕಾರ್ಡಿಂಗ್‌ಗಳು ಇದಕ್ಕೆ ಸರಿ. ಪಕ್ಕದವರ ಪದಗಳು ಬಿಡಿಬಿಡಿಯಾಗಿ ಅರ್ಥವಾಗದಷ್ಟು ಮಾತ್ರ ಸೌಂಡ್ ಇಡಿ, ಅದಕ್ಕಿಂತ ಜಾಸ್ತಿ ಬೇಡ.

ವಾದ್ಯ ಸಂಗೀತ? ಇಲ್ಲಿ ನಮ್ಮವರಿಗೆ ಮಾತ್ರ ಇರುವ ಒಂದು ತೊಡಕಿದೆ. ಚಿಕ್ಕಂದಿನಲ್ಲಿ ನಾಲ್ಕಾರು ವರ್ಷ ಸಂಗೀತ ಪಾಠಕ್ಕೆ ಹೋದವರಿಗೆ ಕೊಳಲಿನಲ್ಲಿ ಗೊತ್ತಿರುವ ಕೀರ್ತನೆ ಬಂದರೆ ಸಾಹಿತ್ಯ ತಾನಾಗಿ ನಾಲಿಗೆಗೆ ಬರುತ್ತದೆ. ವಾದ್ಯದಲ್ಲಿ ಮಾತಿಲ್ಲ, ತಲೆಯಲ್ಲಿ ಇದೆ. ತನಿ ಆವರ್ತನ, ಅಂದರೆ ಕಛೇರಿಯ ನಡುವೆ ಮೃದಂಗದಂಥ ತಾಳವಾದ್ಯ ಮಾತ್ರ ನುಡಿಸುವ ಭಾಗ, ಶುರುವಾದರೆ ಕೈ ಕೀಬೋರ್ಡ್ ಬಿಟ್ಟು ತೊಡೆಯ ಮೇಲೆ ತಾಳ ಹಾಕುತ್ತಿರುತ್ತದೆ. ಹಳೆಯ ಸಿನಿಮಾ ಹಾಡುಗಳ ವಾದ್ಯ ರೂಪಕ್ಕೂ ಇದೇ ಗತಿ. ಅದಕ್ಕೇ ಸಾಹಿತ್ಯವೂ ತಾಳವೂ ಇಲ್ಲದ ವಾದ್ಯದ ಆಲಾಪನೆ ಹಾಕಿ, ಅಥವಾ ಸಿತಾರ್, ಸರೋದ್‌ನ ನಿಧಾನದ ಆಲಾಪ್. ಇಲ್ಲವೇ ನಿಮಗೆ ಒಂದಿಷ್ಟೂ ಪರಿಚಯ ಇಲ್ಲದ ಸಂಗೀತ. ಸಂಗೀತ ಕಲಿಯದವರಿಗೆ ಈ ಚಿಂತೆ ಇಲ್ಲ, ಸುಮ್ನೆ ವೀಣೆ ಹಾಕಿಕೊಳ್ಳಬಹುದು.

ಹೆಜ್ಜೆ 3: ಕೈ ಕೆಲಸಕ್ಕೆ ಕಥೆ, ಮಾತು, ಏನು ಬೇಕಾದರೂ

ಇಲ್ಲಿ ಜಿಪುಣತನ ಬೇಡ. ಪಾಡ್‌ಕಾಸ್ಟ್, ಹರಿಕಥೆ, ಯಕ್ಷಗಾನದ ತಾಳಮದ್ದಲೆ, ಕ್ರಿಕೆಟ್ ಕಾಮೆಂಟರಿ, ಆಡಿಯೊ ಪುಸ್ತಕ, ನೀವು ಈಗಾಗಲೇ ನೋಡಿ ಮುಗಿಸಿದ ಸೀರಿಯಲ್, ಎಲ್ಲವೂ ಸರಿ. ತಾಳಮದ್ದಲೆಯಂತೂ ಇದಕ್ಕೇ ಮಾಡಿದ ಹಾಗಿದೆ. ಕಣ್ಣಿಗೆ ಏನೂ ಇಲ್ಲ, ಮಾತೇ ಮಾತು, ಒಂದು ಪ್ರಸಂಗ ಶುರುವಾದರೆ ಹಪ್ಪಳದ ಹಿಟ್ಟು ಮುಗಿಯುವ ತನಕ ಬರುತ್ತದೆ.

ಒಂದೇ ಎಚ್ಚರಿಕೆ: ಮತ್ತೆ ಮತ್ತೆ ಫೋನ್ ಕೈಗೆತ್ತಿಕೊಂಡು "ಇದು ಬೇಡ, ಅದು ಹಾಕೋಣ" ಅನ್ನುವುದು ಕೆಲಸಕ್ಕಿಂತ ದೊಡ್ಡ ಕೆಲಸವಾಗುತ್ತದೆ. ಹಿಂದಿನ ರಾತ್ರಿಯೇ ಪಟ್ಟಿ ಮಾಡಿಡಿ. ಇಲ್ಲವೇ ರೇಡಿಯೊ ಹಾಕಿ. 1957ರ ಅಕ್ಟೋಬರ್‌ನಲ್ಲಿ ಶುರುವಾದ ವಿವಿಧ ಭಾರತಿ ಇಷ್ಟು ವರ್ಷ ಅಂಗಡಿ, ಗ್ಯಾರೇಜ್, ಅಡುಗೆಮನೆಗಳಲ್ಲಿ ನಡೆದುಕೊಂಡು ಬಂದಿದ್ದಕ್ಕೆ ಹಾಡುಗಳು ಮಾತ್ರ ಕಾರಣವಲ್ಲ. ಅಲ್ಲಿ ಆರಿಸುವ ತಾಪತ್ರಯ ಇಲ್ಲ. 2001ರ ಜುಲೈನಲ್ಲಿ ಬೆಂಗಳೂರಿನಲ್ಲಿ ದೇಶದ ಮೊದಲ ಖಾಸಗಿ ಎಫ್‌ಎಂ ಶುರುವಾದಾಗ ಅದನ್ನು ದಿನವಿಡೀ ಹಾಕಿಕೊಂಡವರು ಆಟೋ ಚಾಲಕರು, ಹೋಟೆಲಿನವರು, ಕ್ಷೌರದಂಗಡಿಯವರು. ಬೇರೆ ಊರಿನಲ್ಲಿ, ಬೇರೆ ದೇಶದಲ್ಲಿ ಇರುವ ಕನ್ನಡಿಗರು ಪ್ರಸಾರ ಭಾರತಿಯ ನ್ಯೂಸ್‌ಆನ್‌ಏರ್ ಆ್ಯಪ್‌ನಲ್ಲಿ ಆಕಾಶವಾಣಿಯ ಕನ್ನಡ ಕೇಂದ್ರಗಳನ್ನು ಕೇಳಬಹುದು.

ಯೂಟ್ಯೂಬ್‌ನಲ್ಲಿ ಹಾಡು ಹಾಕಿ ಫೋನ್ ಪರದೆ ಆರಿಸಿದರೆ, ದುಡ್ಡು ಕಟ್ಟದ ಖಾತೆಯಲ್ಲಿ ಹಾಡು ನಿಂತುಹೋಗುತ್ತದೆ. ಪರದೆ ಉರಿಯುತ್ತಲೇ ಇರಬೇಕು, ಉರಿಯುತ್ತಿದ್ದರೆ ಕಣ್ಣು ಅತ್ತ ಹೋಗುತ್ತದೆ. ಹಿನ್ನೆಲೆಗೆ ಕೇಳುವ ಸಾಧನವೇ ವಾಸಿ, ನೋಡುವ ಸಾಧನ ಅಲ್ಲ.

ಹೆಜ್ಜೆ 4: ದಿನವಿಡೀ ಬೇಡ, ಗಂಟೆ ಹಾಕಿಕೊಳ್ಳಿ

ಕೆಲಸದ ಹೊತ್ತಿನ ಸಂಗೀತವನ್ನು ಬಹಳ ಗಂಭೀರವಾಗಿ ತೆಗೆದುಕೊಂಡ ಇಬ್ಬರಿಂದ ನಾವು ಕಲಿಯಬಹುದು.

ಮೊದಲು ಬಿಬಿಸಿ. ಎರಡನೇ ಮಹಾಯುದ್ಧದ ಕಾಲ, ಬ್ರಿಟನ್ನಿನ ಕಾರ್ಖಾನೆಗಳಲ್ಲಿ ಹಗಲೂ ರಾತ್ರಿ ಮದ್ದುಗುಂಡು ತಯಾರಿ. 1940ರ ಜೂನ್ 23ರಂದು ಬಿಬಿಸಿ ಕಾರ್ಮಿಕರಿಗಾಗಿಯೇ ಒಂದು ಸಂಗೀತ ಕಾರ್ಯಕ್ರಮ ಶುರು ಮಾಡಿತು. ಅದು 1967ರವರೆಗೆ ನಡೆಯಿತು. ಅವರ ನಿಯಮಗಳು ಸ್ವಾರಸ್ಯವಾಗಿವೆ. ನಿದ್ದೆ ಬರಿಸುವ ನಿಧಾನದ ಹಾಡು ಬೇಡ. ಯಂತ್ರದ ಸದ್ದಿನಲ್ಲಿ ಕಳೆದುಹೋಗುವ ಮೆಲ್ಲನೆಯ ವಾದ್ಯ ಬೇಡ. ಗುಂಡಿನ ಸದ್ದಿನ ಹಾಗೆ ಕೇಳುವ ಡ್ರಮ್ ಏಟು ಬೇಡ. ನಡುನಡುವೆ ಚಪ್ಪಾಳೆ ಬರುವ ಒಂದು ಜನಪ್ರಿಯ ಹಾಡನ್ನು ಪೂರ್ತಿ ಕೈಬಿಟ್ಟರು, ಏಕೆಂದರೆ ಕಾರ್ಮಿಕರು ಚಪ್ಪಾಳೆ ಬದಲು ಕೈಯಲ್ಲಿದ್ದ ಸ್ಪ್ಯಾನರ್‌ನಿಂದ ಯಂತ್ರಕ್ಕೇ ಬಾರಿಸುತ್ತಿದ್ದರು! ಇಷ್ಟೆಲ್ಲ ಅಳೆದು ತೂಗಿ ಮಾಡಿದ ಕಾರ್ಯಕ್ರಮ ಎಷ್ಟು ಹೊತ್ತು? ಬೆಳಿಗ್ಗೆ ಅರ್ಧ ಗಂಟೆ, ಮಧ್ಯಾಹ್ನದ ಮೇಲೆ ಅರ್ಧ ಗಂಟೆ. ಸುಸ್ತಾಗುವ ಹೊತ್ತು ನೋಡಿ ಹಾಕುತ್ತಿದ್ದರು.

ಇನ್ನೊಂದು ಅಮೆರಿಕದ ಮ್ಯೂಜಾಕ್ ಕಂಪನಿ. ಲಿಫ್ಟ್, ಆಫೀಸು, ಕಾರ್ಖಾನೆಗಳಿಗೆ ತಂತಿಯ ಮೂಲಕ ಸಂಗೀತ ಮಾರುತ್ತಿದ್ದವರು. ಅವರ ಲೆಕ್ಕದಲ್ಲಿ ಸುಮಾರು ಕಾಲು ಗಂಟೆ ಸಂಗೀತ, ಅದೂ ಹಾಡಿನಿಂದ ಹಾಡಿಗೆ ಸ್ವಲ್ಪ ಸ್ವಲ್ಪ ಚುರುಕಾಗುತ್ತಾ ಹೋಗಬೇಕು. ಆಮೇಲೆ ಕಾಲು ಗಂಟೆ ಮೌನ. ಸಂಗೀತ ಮಾರಿಯೇ ಹೊಟ್ಟೆ ಹೊರೆಯುವ ಕಂಪನಿ ಅರ್ಧ ಹೊತ್ತು ಮೌನ ಕೊಟ್ಟಿತ್ತು ಅಂದರೆ ಏನೋ ಕಾರಣ ಇರಬೇಕು ಅಲ್ವಾ? ಎಡೆಬಿಡದೆ ಬರುವ ಸದ್ದಿಗೆ ಕಿವಿ ಒಗ್ಗಿಬಿಡುತ್ತದೆ, ಅದರಿಂದ ಸಿಗುವ ಉಲ್ಲಾಸ ಹೋಗಿಬಿಡುತ್ತದೆ.

ಇದನ್ನು ನಿಮ್ಮ ದಿನಕ್ಕೆ ಹೀಗೆ ಹೊಂದಿಸಿ. ಬೆಳಗಿನ ಮೊದಲ ಒಂದೂವರೆ ಗಂಟೆ ಸದ್ದಿಲ್ಲದೆ ಮಾತಿನ ಕೆಲಸ ಮಾಡಿ. ಹನ್ನೊಂದರ ಸುಮಾರಿಗೆ ಅರ್ಧ ಗಂಟೆ ಇಷ್ಟದ ಹಾಡು ಹಾಕಿ, ಆ ಹೊತ್ತಿಗೆ ಹಗುರ ಕೆಲಸ ಇಟ್ಟುಕೊಳ್ಳಿ. ಊಟವಾದ ಮೇಲೆ ತೂಕಡಿಕೆ ಬರುವ ಮೂರು ಗಂಟೆಗೆ ಇನ್ನೊಂದು ಅರ್ಧ ಗಂಟೆ. ಸ್ಪಾಟಿಫೈನಲ್ಲಿ ಹಾಡು ನಡೆಯುವಾಗ ಮೂರು ಚುಕ್ಕಿ ಒತ್ತಿದರೆ ಸ್ಲೀಪ್ ಟೈಮರ್ ಸಿಗುತ್ತದೆ. ಹೆಸರು ನಿದ್ದೆಯದ್ದಾದರೂ ಇದಕ್ಕೂ ಅದೇ ಸಾಕು, ಅರ್ಧ ಗಂಟೆಗೆ ತಾನೇ ನಿಲ್ಲುತ್ತದೆ.

ಹೆಜ್ಜೆ 5: ಆಫೀಸ್ ಕಥೆಗಳನ್ನು ಊಟದ ಹೊತ್ತಿಗೆ ಇಡಿ

ಕೆಲಸ ಮಾಡುತ್ತಾ ಕೆಲಸದ ಬಗ್ಗೆಯೇ ಇರುವ ಹಾಸ್ಯ ನೋಡುವುದು ಸ್ವಲ್ಪ ವಿಚಿತ್ರ. ಆದರೂ ಜನ ನೋಡುತ್ತಾರೆ, ಬಹಳ ನೋಡುತ್ತಾರೆ. ಬ್ರಿಟನ್ನಿನಲ್ಲಿ 2001ರಲ್ಲಿ ಶುರುವಾದ 'ದಿ ಆಫೀಸ್'ನ ಅಮೆರಿಕನ್ ರೂಪ 2005ರಿಂದ 2013ರವರೆಗೆ 201 ಕಂತು ಬಂತು. ಮುಗಿದು ಏಳು ವರ್ಷವಾದ ಮೇಲೆ, ಎಲ್ಲರೂ ಮನೆಯಿಂದ ಕೆಲಸ ಮಾಡುತ್ತಿದ್ದ 2020ರಲ್ಲಿ, ಅಮೆರಿಕದಲ್ಲಿ ಜನ ಅದನ್ನು ಒಟ್ಟು 57 ಶತಕೋಟಿ ನಿಮಿಷಗಳಿಗೂ ಜಾಸ್ತಿ ನೋಡಿದರು ಎಂದು ಯಾರು ಏನು ನೋಡುತ್ತಾರೆ ಎಂದು ಅಳೆಯುವ ನೀಲ್ಸನ್ ಕಂಪನಿ ಲೆಕ್ಕ ಹಾಕಿತ್ತು. ಆ ವರ್ಷ ಅಲ್ಲಿ ಆನ್‌ಲೈನಿನಲ್ಲಿ ಅತಿ ಹೆಚ್ಚು ನೋಡಿದ ಸರಣಿ ಅದೇ. ಅಷ್ಟು ನಿಮಿಷಗಳಲ್ಲಿ ಎಷ್ಟೋ ಪಾಲು ಪಕ್ಕದಲ್ಲಿ ಸುಮ್ನೆ ಹಾಕಿಟ್ಟಿದ್ದೇ ಇರಬೇಕು ಅನ್ನುವುದು ನನ್ನ ಊಹೆ. ಆಫೀಸಿಲ್ಲದ ಮನೆಯಲ್ಲಿ ಒಂದು ಆಫೀಸಿನ ಗದ್ದಲ ಬೇಕಿತ್ತು ಜನಕ್ಕೆ.

ಇಂಥ ಸರಣಿ ಹಿನ್ನೆಲೆಗೆ ಒಗ್ಗಲು ಕಾರಣಗಳಿವೆ. ಕಂತು ಚಿಕ್ಕದು. ನಗುವಿನ ರೆಕಾರ್ಡಿಂಗ್ ಇಲ್ಲ, ಹಾಗಾಗಿ ಇದ್ದಕ್ಕಿದ್ದಂತೆ ಸದ್ದು ಏರುವುದಿಲ್ಲ. ಮೂರನೇ ಸಲ ನೋಡುತ್ತಿದ್ದರೆ ಮುಂದೇನು ಎನ್ನುವ ಕುತೂಹಲವೂ ಇಲ್ಲ. ಆದರೂ ಅದು ಮಾತೇ ತಾನೆ? ಎರಡನೇ ಹೆಜ್ಜೆಯ ನಿಯಮ ಇದಕ್ಕೂ ಅನ್ವಯ. ಹಳೆಯ ಫೈಲ್‌ಗಳನ್ನು ವಿಂಗಡಿಸುವಾಗ ಇರಲಿ, ಟೆಂಡರ್ ಓದುವಾಗ ಬೇಡ.

ಹೊಸದಾಗಿ ನೋಡುವ ಸರಣಿಗೆ ಊಟದ ಅರ್ಧ ಗಂಟೆಯೇ ಸರಿಯಾದ ಜಾಗ, ಆದಷ್ಟು ಯಾರಾದರೂ ಜೊತೆಗಿದ್ದರೆ ಇನ್ನೂ ಚೆನ್ನ. 2020ರಲ್ಲಿ ಬಂದ ಹಿಂದಿಯ 'ಪಂಚಾಯತ್' ನೋಡಿ ನಮ್ಮ ಕಡೆ ತಾಲೂಕು ಆಫೀಸಿನ, ಗ್ರಾಮ ಪಂಚಾಯಿತಿಯ ನೌಕರರೂ ನಗುತ್ತಾರೆ. ಕಥೆ ಉತ್ತರ ಪ್ರದೇಶದ ಫುಲೇರಾ ಎಂಬ ಹಳ್ಳಿಯದು. ಅಲ್ಲಿನ ಸೆಕ್ರೆಟರಿ ನಮ್ಮಲ್ಲಿ ಪಿಡಿಓ, ಅಷ್ಟೇ ವ್ಯತ್ಯಾಸ. ಅದಕ್ಕೂ ಹಿಂದೆ, 2001ರಲ್ಲಿ ಬಂದ 'ಆಫೀಸ್ ಆಫೀಸ್'ನಲ್ಲಿ ಪಂಕಜ್ ಕಪೂರ್ ಮಾಡಿದ ಮುಸದ್ದಿಲಾಲ್ ಪ್ರತಿ ಕಂತಿನಲ್ಲೂ ಒಂದು ಸರ್ಕಾರಿ ಕಚೇರಿಯ ಕೌಂಟರ್‌ನಿಂದ ಕೌಂಟರ್‌ಗೆ ಅಲೆಯುತ್ತಿದ್ದರು. ಅದನ್ನು ಕೌಂಟರಿನ ಒಳಗೆ ಕೂರುವವರು ನೋಡಬೇಕು. ಹೊಸದಾಗಿ ಕೆಲಸಕ್ಕೆ ಸೇರಿದವರಿಗೆ ತರಬೇತಿಯ ಬದಲು ಎರಡು ಕಂತು ತೋರಿಸಿದರೂ ನಷ್ಟವಿಲ್ಲ.

ಇಲ್ಲಿ ಒಂದು ಸಣ್ಣ ಅಭ್ಯಾಸ ಮಾಡಿಕೊಳ್ಳಿ. ಸರಣಿಯ ಯಾವ ದೃಶ್ಯಕ್ಕೆ ನಗು ಬರುವ ಬದಲು ಹೊಟ್ಟೆ ಕಿವುಚಿದ ಹಾಗಾಯಿತು ಗಮನಿಸಿ. ಅಪ್ರೈಸಲ್ ದೃಶ್ಯವೇ? ಎಲ್ಲರ ಎದುರು ಬೈಸಿಕೊಳ್ಳುವುದೇ? ರಾತ್ರಿ ಒಂಬತ್ತಕ್ಕೆ ಬಾಸ್ ಫೋನ್ ಬರುವುದೇ? ನಿಮ್ಮ ಆಫೀಸಿನಲ್ಲಿ ಯಾವ ವಿಷಯ ಮಾತಾಡಿ ಬಗೆಹರಿಸಬೇಕೋ ಅದು ಅಲ್ಲಿ ಸಿಗುತ್ತದೆ. ಬೇರೆಯವರ ಜೊತೆ ಮಾತು ತೆಗೆಯುವುದಕ್ಕೂ ಆ ದೃಶ್ಯ ನೆಪವಾಗುತ್ತದೆ.

ಹೆಜ್ಜೆ 6: ಬೇರೆಯವರ ಕಿವಿ, ನಿಮ್ಮ ಕಿವಿ, ಆಮೇಲೆ ನಿಮ್ಮ ಕೆಲಸ

ಸ್ಪೀಕರ್ ಬೇಡ. ನಿಮ್ಮ ಪಾಲಿನ ಹಾಡು ಪಕ್ಕದವರಿಗೆ ಗಲಾಟೆ. ಕೆಎಸ್‌ಆರ್‌ಟಿಸಿ 2021ರ ನವೆಂಬರ್‌ನಲ್ಲಿ ಬಸ್ಸಿನಲ್ಲಿ ಮೊಬೈಲ್‌ನಿಂದ ಜೋರಾಗಿ ಹಾಡು, ವಿಡಿಯೊ ಹಾಕಬಾರದು, ಹೇಳಿದರೂ ಕೇಳದಿದ್ದರೆ ಇಳಿಸಬಹುದು ಎಂದು ಆದೇಶ ಮಾಡಿತು. ಆಫೀಸಿನಲ್ಲಿ ಕಂಡಕ್ಟರ್ ಇಲ್ಲ, ಹಾಗಾಗಿ ನಾವೇ ಹೇಳಬೇಕು. "ಸ್ವಲ್ಪ ಇಯರ್‌ಫೋನ್ ಹಾಕ್ಕೋತೀರಾ, ಕಾಲ್‌ನಲ್ಲಿದೀನಿ" ಅಂದರೆ ಯಾರಿಗೂ ಬೇಜಾರಾಗುವುದಿಲ್ಲ. ಹಿರಿಯರಾದರೆ ಹೆಸರಿಗೆ ಒಂದು 'ಸರ್', 'ಮೇಡಂ' ಸೇರಿಸಿ, ಅಷ್ಟೇ.

ಹೆಡ್‌ಫೋನ್ ಸೌಂಡಿಗೆ ವಿಶ್ವ ಆರೋಗ್ಯ ಸಂಸ್ಥೆ ಹೇಳುವ ಮಿತಿ: 80 ಡೆಸಿಬಲ್ ಆದರೆ ವಾರಕ್ಕೆ 40 ಗಂಟೆ, 90 ಆದರೆ ಬರೀ 4 ಗಂಟೆ. ಹತ್ತು ಡೆಸಿಬಲ್ ಏರಿಸಿದರೆ ವಾರದ ಲೆಕ್ಕ ಒಂದು ದಿನದ ಕೆಲಸದ ಹೊತ್ತಿನ ಅರ್ಧಕ್ಕೆ ಇಳಿಯುತ್ತದೆ. ಮೊಬೈಲ್‌ನ ಸೆಟ್ಟಿಂಗ್ಸ್‌ನಲ್ಲಿ ಸೌಂಡ್‌ಗೆ ಗರಿಷ್ಠ ಮಿತಿ ಹಾಕುವ ಸೌಲಭ್ಯ ಇದ್ದರೆ ಒಮ್ಮೆ ಹಾಕಿಬಿಡಿ.

ಕೆಲವು ಕಡೆ ಈ ಮಾತೇ ಬರುವುದಿಲ್ಲ. ಗ್ರಾಹಕರ ಗುಟ್ಟಿನ ಮಾಹಿತಿ ಇರುವ ಓಡಿಸಿಗಳಲ್ಲಿ (ಹೊರದೇಶದ ಗ್ರಾಹಕ ಕಂಪನಿಗಾಗಿ ಪ್ರತ್ಯೇಕವಾಗಿ ಕೆಲಸ ಮಾಡುವ ಐಟಿ ಕೇಂದ್ರಗಳು), ಎಷ್ಟೋ ಬಿಪಿಓಗಳಲ್ಲಿ ಫೋನ್ ಲಾಕರಿಗೆ ಹೋಗುತ್ತದೆ. ಅಲ್ಲಿದ್ದವರಿಗೆ ಕ್ಯಾಬ್ ಪ್ರಯಾಣವೇ ಕೇಳುವ ಹೊತ್ತು.

ಇನ್ನು ರೀಲ್ಸ್. ಮ್ಯಾನೇಜರ್, ಎಚ್‌ಆರ್, ಹೈಕ್, ನೋಟಿಸ್ ಪೀರಿಯಡ್ ಮೇಲಿನ ಕನ್ನಡ ರೀಲ್ಸ್ ಈಗ ಬೇಕಾದಷ್ಟಿವೆ, ಕೆಲವು ನಿಜಕ್ಕೂ ಚೆನ್ನಾಗಿವೆ. ಗೆಳೆಯರಿಗೆ ಕಳಿಸಿ. ಆದರೆ ಕಂಪನಿಯ ಲ್ಯಾಪ್‌ಟಾಪ್‌ನಿಂದ, ಕಂಪನಿಯ ಚಾಟ್‌ನಲ್ಲಿ ಬೇಡ. ಅಲ್ಲಿ ಬರೆದದ್ದು, ಕಳಿಸಿದ್ದು ಕಂಪನಿಯ ದಾಖಲೆಯಲ್ಲಿ ಇರುತ್ತದೆ. "ನಮ್ ಸರ್ ಥರಾನೇ ಇದೆ" ಅಂತ ಹೆಸರು ಸೇರಿಸಿ ಬರೆಯುವುದಂತೂ ಎಲ್ಲಿಯೂ ಬೇಡ. ವಾಟ್ಸಾಪ್ ಗ್ರೂಪಿನಿಂದ ಸ್ಕ್ರೀನ್‌ಶಾಟ್ ಹೋಗಲು ಎಷ್ಟು ಹೊತ್ತು?

ಹೆಜ್ಜೆ 7: ಅಂಗಡಿ, ಹೋಟೆಲ್ ನಡೆಸುವವರಿಗೆ

ಒಬ್ಬರೇ ಕೇಳುವುದು ಬೇರೆ, ಗಿರಾಕಿಗಳಿಗೆ ಕೇಳಿಸುವುದು ಬೇರೆ. 1957ರ ಕೃತಿಸ್ವಾಮ್ಯ ಕಾಯ್ದೆಯಡಿ ವ್ಯಾಪಾರದ ಜಾಗದಲ್ಲಿ ಸಿನಿಮಾ ಹಾಡು ಹಾಕಲು ಹಕ್ಕುದಾರರ ಪರವಾನಗಿ ಬೇಕು. ಸಾಹಿತ್ಯ ಬರೆದವರ, ರಾಗ ಹಾಕಿದವರ ಪರವಾಗಿ ಐಪಿಆರ್‌ಎಸ್ ಸಂಸ್ಥೆ ಪರವಾನಗಿ ಕೊಡುತ್ತದೆ. ಹಾಡಿನ ರೆಕಾರ್ಡಿಂಗ್ ಹಕ್ಕು ಬೇರೆಯವರದ್ದಿರುತ್ತದೆ, ಅದನ್ನೂ ಕೇಳಿಕೊಳ್ಳಬೇಕು. ನಿಮ್ಮ ಸ್ವಂತ ಸ್ಪಾಟಿಫೈ ಖಾತೆಗೆ ದುಡ್ಡು ಕಟ್ಟಿದ್ದೀರಿ ನಿಜ, ಆದರೆ ಅದು ವೈಯಕ್ತಿಕ ಬಳಕೆಗೆ ಮಾತ್ರ ಎಂದು ಅವರ ಷರತ್ತಿನಲ್ಲೇ ಇದೆ. ಅಡುಗೆಮನೆಯ ಹುಡುಗರು ಏನು ಕೇಳುತ್ತಾರೆ, ಕೂತು ತಿನ್ನುವವರಿಗೆ ಏನು ಕೇಳಿಸುತ್ತೆ, ಎರಡನ್ನೂ ಬೇರೆ ಬೇರೆ ಇಡಿ. ದೋಸೆ ಹುಯ್ಯುವವರಿಗೆ ಚುರುಕು ಹಾಡು ಬೇಕು, ಕಾಫಿ ಕುಡಿಯುತ್ತಾ ಮಾತಾಡುವವರಿಗೆ ಬೇಡ.

ಹೆಜ್ಜೆ 8: ಮನೆಗೆ ಬಂದ ಮೇಲೆ

ಹತ್ತು ಗಂಟೆ ಆಫೀಸಿನಲ್ಲಿದ್ದು ಬಂದು ರಾತ್ರಿ ಆಫೀಸ್ ಸರಣಿಯನ್ನೇ ಹಾಕಿದರೆ ಕೆಲವರಿಗೆ ಹಗುರಾಗುತ್ತದೆ, ಕೆಲವರಿಗೆ ಮೀಟಿಂಗ್ ಇನ್ನೂ ಮುಗಿದೇ ಇಲ್ಲ ಅನ್ನಿಸುತ್ತದೆ. ನೀವು ಯಾವ ಗುಂಪು ಅಂತ ನಿಮಗೇ ಗೊತ್ತು. 2022ರಲ್ಲಿ ಬಂದ 'ಸೆವರೆನ್ಸ್' ಎಂಬ ಅಮೆರಿಕನ್ ಸರಣಿಯಲ್ಲಿ ನೌಕರರ ತಲೆಗೆ ಶಸ್ತ್ರಚಿಕಿತ್ಸೆ ಮಾಡಿ ಆಫೀಸಿನ ನೆನಪು ಮನೆಗೆ ಬರದಂತೆ, ಮನೆಯದು ಆಫೀಸಿಗೆ ಹೋಗದಂತೆ ಕತ್ತರಿಸಿಬಿಡುತ್ತಾರೆ. ಒಳ್ಳೆಯ ಸರಣಿ, ಆದರೆ ನಾಳೆ ಸೋಮವಾರ ಅನ್ನುವಾಗ ನೋಡಬೇಡಿ.

ಯಾವುದನ್ನೇ ನೋಡಿ, ಕಂತು ಮುಗಿದ ಕೂಡಲೇ ಇನ್ನೊಂದು ತಾನಾಗಿ ಶುರುವಾಗುವುದನ್ನು ನಿಲ್ಲಿಸಿ. ನೆಟ್‌ಫ್ಲಿಕ್ಸ್‌ನಲ್ಲಿ ಬ್ರೌಸರ್‌ನಿಂದ ಖಾತೆಗೆ ಹೋಗಿ, ನಿಮ್ಮ ಪ್ರೊಫೈಲ್‌ನ ಪ್ಲೇಬ್ಯಾಕ್ ಸೆಟ್ಟಿಂಗ್ಸ್‌ನಲ್ಲಿ 'ಆಟೋಪ್ಲೇ ನೆಕ್ಸ್ಟ್ ಎಪಿಸೋಡ್' ಎದುರಿನ ಗುರುತು ತೆಗೆಯಬೇಕು. ಯೂಟ್ಯೂಬ್‌ನಲ್ಲಿ ವಿಡಿಯೊ ಮೇಲೆಯೇ ಆಟೋಪ್ಲೇ ಗುಂಡಿ ಇರುತ್ತದೆ, ಅದನ್ನು ಆಫ್ ಮಾಡಿ. ಮಕ್ಕಳ ಪ್ರೊಫೈಲ್ ಬೇರೆ ಇದ್ದರೆ ಅದಕ್ಕೂ ಪ್ರತ್ಯೇಕವಾಗಿ ಮಾಡಬೇಕು, ನಿಮ್ಮದನ್ನು ಬದಲಿಸಿದರೆ ಅವರದ್ದು ಬದಲಾಗುವುದಿಲ್ಲ.